ಬೀಳುವ ಗಾಜು

ಬೀಳುವ ಗಾಜನ್ನು ಹಿಡಿಯಬಾರದು. ಗಾಜಿನ ಕೆಲಸಕ್ಕೆ ಬಂದವನಿಗೆ ಮೊದಲ ದಿನ ಹೇಳುವ ಮಾತು ಇದೇ. ಅಳೆಯುವುದು, ಗೀರುವುದು, ಮುರಿಯುವುದು ಎಲ್ಲ ಆಮೇಲೆ. ಶೀಟು ಕೈಜಾರಿತೆಂದರೆ ಎರಡೂ ಕೈಗಳನ್ನು ಎದೆಗೆ ಎಳೆದುಕೊಂಡು ಒಂದು ಹೆಜ್ಜೆ ಹಿಂದೆ ಸರಿಯಬೇಕು. ಹೋದ ಗಾಜು ಹೋಯಿತು, ಕೈ ಉಳಿಯಿತು. ಮೇಸ್ತ್ರಿಗೆ ಇದನ್ನು ಅವನ ಅಪ್ಪ ಬೆತ್ತದಿಂದ ಕಲಿಸಿದ್ದ. ಮೇಸ್ತ್ರಿ ತನ್ನ ಮಗನಿಗೆ ಅಳತೆಕೋಲಿನಿಂದ ಕಲಿಸಿದ. ನಲವತ್ತೊಂದು ವರ್ಷಗಳಲ್ಲಿ ಮೇಸ್ತ್ರಿಯ ಅಂಗೈಗೆ ಒಂದೇ ಒಂದು ಹೊಲಿಗೆ ಬಿದ್ದಿರಲಿಲ್ಲ. ಬೆರಳ ತುದಿ, ಮೊಣಕೈ, ಪಾದಗಳ ತುಂಬ ಗೀರುಗಳಿದ್ದವು, ನಿಜ. ಅವನ್ನು ಆ ಕಸುಬಿನಲ್ಲಿ ಯಾರೂ ಗಾಯ ಅನ್ನುವುದಿಲ್ಲ.

ಹೋದ ವರ್ಷ ಮಗ ತನ್ನ ಹೆಂಡತಿಯನ್ನು ಅಂಗಡಿಯೊಳಗೆ ತಳ್ಳಿದಾಗ ಅವಳು ಗಾಜಿನ ಸ್ಟ್ಯಾಂಡಿನ ಕಡೆಗೆ ವಾಲಿ ಬಿದ್ದಳು. ಮೇಸ್ತ್ರಿ ಎರಡಡಿ ದೂರದಲ್ಲಿದ್ದ. ಕೈ ಚಾಚಿದ್ದರೆ ಸೊಸೆಯ ಭುಜ ಸಿಗುತ್ತಿತ್ತು. ಅವನು ಎರಡೂ ಕೈಗಳನ್ನು ಎದೆಗೆ ಎಳೆದುಕೊಂಡು ಒಂದು ಹೆಜ್ಜೆ ಹಿಂದೆ ಸರಿದ.

ಅವಳ ಎಡಗೈಗೆ ಮೊಣಕೈಯಿಂದ ಮಣಿಕಟ್ಟಿನವರೆಗೆ ಮೂವತ್ತೆರಡು ಹೊಲಿಗೆ ಬಿತ್ತು. ಹೇಗಾಯಿತು ಎಂದು ಡಾಕ್ಟರು ಕೇಳಿದಾಗ ಮೊದಲು ಬಾಯಿಬಿಟ್ಟವನು ಮೇಸ್ತ್ರಿಯೇ. “ಗಾಜಿನ ಅಂಗಡಿ ಡಾಕ್ಟ್ರೇ. ಗಾಜು ಬಿತ್ತು” ಎಂದ. ಡಾಕ್ಟರು ಹಾಗೆಯೇ ಬರೆದುಕೊಂಡರು. ನಾಲ್ಕನೆಯ ದಿನ ಸೊಸೆ ಮಗಳ ಕೈಹಿಡಿದುಕೊಂಡು ಪೊಲೀಸ್ ಠಾಣೆಯ ಮೆಟ್ಟಿಲು ಹತ್ತಿದಳು. ಮೊದಲ ಆರೋಪಿ ಗಂಡ, ಎರಡನೆಯ ಆರೋಪಿ ಮಾವ. ಪೊಲೀಸರ ಮುಂದೆ ಮೇಸ್ತ್ರಿ ಹೇಳಿದ್ದು ಮೂರೇ ಮಾತು: ನಾನು ಏನೂ ನೋಡಲಿಲ್ಲ. ನೋಡಿದವರು ಅವನನ್ನು ಬಿಟ್ಟರೆ ಬೇರೆ ಯಾರೂ ಇರಲಿಲ್ಲ.

ಹದಿನಾಲ್ಕು ತಿಂಗಳು ಕೋರ್ಟಿಗೆ ಅಲೆದದ್ದಾಯಿತು. ಅಷ್ಟರಲ್ಲಿ ಸೊಸೆಯ ಅಣ್ಣನ ಮನೆಯಲ್ಲಿ ಅವಳ ಚಾಪೆ ಒಳಕೋಣೆಯಿಂದ ಹಜಾರಕ್ಕೆ, ಹಜಾರದಿಂದ ಬಾಗಿಲ ಬಳಿಗೆ ಬಂದಿತ್ತು. ಅಣ್ಣನೇ ರಾಜಿಯ ಮಾತು ಎತ್ತಿದ. ಮೇಸ್ತ್ರಿಯ ಕಡೆಯ ವಕೀಲ ಬಿಡಿಸಿ ಹೇಳಿದ: ಗಂಡ ಹೆಂಡತಿ ಆರು ವಾರ ಒಂದೇ ಸೂರಿನಡಿ ಬಾಳಬೇಕು. ಆಮೇಲೆ ತಾರೀಖಿನ ದಿನ ಹೆಣ್ಣುಮಗಳು ದೊಡ್ಡ ಕೋರ್ಟಿನಲ್ಲಿ ನಿಂತು, ನನ್ನ ಇಷ್ಟದಿಂದಲೇ ರಾಜಿಯಾಗಿದ್ದೇನೆ, ಕೇಸು ಬೇಡ ಅನ್ನಬೇಕು. ಅಲ್ಲಿಗೆ ಕೇಸು ರದ್ದು. ಅಪ್ಪನ ಮೇಲಿನದೂ ಮಗನ ಮೇಲಿನದೂ ಒಟ್ಟಿಗೆ ಹೋಗುತ್ತದೆ.

ರಾಜಿಪತ್ರಕ್ಕೆ ಸಹಿ ಹಾಕುವ ದಿನ ಸೊಸೆ ಗಂಡನ ಮುಖ ನೋಡಲಿಲ್ಲ. ಪೆನ್ನು ಹಿಡಿದುಕೊಂಡು ಮೇಸ್ತ್ರಿಯ ಕಡೆ ತಿರುಗಿದಳು.

“ಮಾವ, ನೀವು ಹೇಳಿ. ಬರಲಾ?”

“ಬಾರಮ್ಮ,” ಎಂದ ಮೇಸ್ತ್ರಿ. “ನಾನಿದ್ದೀನಲ್ಲ.”

ಅವಳು ಅವನ ಕೈಗಳನ್ನು ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಸಹಿ ಹಾಕಿದಳು.

ಮೊದಲ ವಾರ ಮನೆಯೊಳಗೆ ಯಾರೋ ಕಾಯಿಲೆ ಮಲಗಿದ್ದಾರೇನೋ ಅನ್ನುವಂತಿತ್ತು. ಎಲ್ಲರ ದನಿಯೂ ತಗ್ಗಿತ್ತು, ಬಾಗಿಲುಗಳು ಸದ್ದಿಲ್ಲದೆ ಮುಚ್ಚುತ್ತಿದ್ದವು. ಮನೆಯೆಂದರೆ ಅಂಗಡಿಯ ಹಿಂದಿನ ಎರಡು ಕೋಣೆ, ಒಂದು ಅಡುಗೆಮನೆ. ಅಂಗಡಿಗೂ ಅದಕ್ಕೂ ನಡುವೆ ಒಂದೇ ಬಾಗಿಲು. ಅತ್ತೆ ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಕೋರ್ಟಿನ ತಾರೀಖಿಗೆ ಕೆಂಪು ಪೆನ್ನಿನಿಂದ ಒಂದು ಗುಂಡು ಹಾಕಿದಳು. ಸೊಸೆಗೆ ನೀರಿನ ಕೊಡ ಎತ್ತಲು ಬಿಡಲಿಲ್ಲ. ಮಗ ಸಂಜೆ ಹಣ್ಣು ತಂದ, ಹೆಂಡತಿಯನ್ನು ‘ಏನಮ್ಮ’ ಎಂದು ಕರೆದ, ತಟ್ಟೆಯನ್ನು ತಾನೇ ಒಯ್ದು ತೊಳೆಯುವ ಕಡೆ ಇಟ್ಟ. “ನಮ್ಮನೆ ಗಂಡಸರಿಗೆ ಕೋಪ ಮೂಗಿನ ತುದೀಲಿ, ಕೈ ಅದಕ್ಕಿಂತ ಒಂದು ಗೇಣು ಮುಂದೆ. ಈಗ ನೋಡು, ದೇವರಂಥ ಹುಡುಗ ಆಗಿದ್ದಾನೆ” ಎಂದು ಅತ್ತೆ ಪಕ್ಕದ ಮನೆಯವಳ ಮುಂದೆ ನಕ್ಕಳು.

ಸೊಸೆ ಬೆಳಿಗ್ಗೆ ರಸ್ತೆಯ ಕೊನೆಯ ಲಾಂಡ್ರಿಯಲ್ಲಿ ಇಸ್ತ್ರಿ ಮಾಡಲು ಹೋಗುತ್ತಿದ್ದಳು. ಲಾಂಡ್ರಿಯ ಒಡತಿಯನ್ನು ರಸ್ತೆಯವರೆಲ್ಲ ಇಸ್ತ್ರಿ ಅಕ್ಕ ಎಂದೇ ಕರೆಯುತ್ತಿದ್ದರು. ಆಳು ದಪ್ಪ, ನಾಲಿಗೆ ಚೂಪು. ರಾಜಿಯ ಸುದ್ದಿ ಕೇಳಿ ಅವಳು ಹೇಳಿದಳಂತೆ, “ಸುಕ್ಕಾದರೆ ತೆಗೀಬಹುದು ಕಣೆ. ಸುಟ್ಟದ್ದನ್ನ ಯಾವ ಇಸ್ತ್ರಿಪೆಟ್ಟಿಗೆ ತೆಗೆಯುತ್ತೆ? ಮೇಲಿನ ಕೋಣೆ ಖಾಲಿ ಇದೆ, ನೆನಪಿರಲಿ.”

ಎರಡನೆಯ ವಾರ, ಭಾನುವಾರದ ಮಧ್ಯಾಹ್ನ, ಎಲ್ಲರೂ ಊಟಕ್ಕೆ ಕೂತಿದ್ದರು. ಅನ್ನ, ಬೇಳೆ, ಬೇಯಿಸಿದ ಮೊಟ್ಟೆ. ಆರು ವರ್ಷದ ಮೊಮ್ಮಗಳನ್ನು ಮನೆಯವರು ಕಡ್ಲೆ ಅನ್ನುತ್ತಿದ್ದರು. ಅವಳು ಮೊಟ್ಟೆಯ ಹಳದಿಯನ್ನು ಬೇರೆ ಮಾಡುತ್ತ ಕ್ಯಾಲೆಂಡರು ನೋಡಿದಳು.

“ಅಜ್ಜಿ, ಆ ಗುಂಡು ಹಾಕಿರೋ ದಿನ ಆದ್ಮೇಲೆ ಅಪ್ಪ ಹೊಡೀಬಹುದಾ?”

ಮಗ ನಗುತ್ತಲೇ ಹೆಂಡತಿಯ ಕಡೆ ತಿರುಗಿದ.

“ಯಾರು ಹೇಳಿಕೊಟ್ಟದ್ದು ಇದನ್ನ?”

“ಮಕ್ಕಳ ಮಾತಿಗೆ ಏನು ಅರ್ಥ,” ಎಂದಳು ಅತ್ತೆ ಅವಸರದಲ್ಲಿ. “ಇನ್ನೊಂದು ಮೊಟ್ಟೆ ಹಾಕಲಾ?”

ಅವನು ತಟ್ಟೆ ಬಿಟ್ಟು ಎದ್ದು ಅಂಗಡಿಗೆ ಹೋದ. ಸ್ವಲ್ಪ ಹೊತ್ತಿಗೆ ಡ್ರಮ್ಮಿನ ಸದ್ದು ಬಂತು. ಒಡಕು ಗಾಜನ್ನು ತುಂಬುವ ಕಬ್ಬಿಣದ ಡ್ರಮ್ಮು ಅಂಗಡಿಯ ಮೂಲೆಯಲ್ಲಿತ್ತು. ಉಳಿದ ತುಂಡುಗಳನ್ನು ಅದರೊಳಗೆ ಹಾಕಿ ಸುತ್ತಿಗೆಯಿಂದ ಪುಡಿ ಮಾಡುವುದು ವಾರಕ್ಕೊಮ್ಮೆಯ ಕೆಲಸ. ಆ ದಿನದಿಂದ ಅದು ದಿನಾ ನಡೆಯಿತು. ಮಗ ಬನಿಯನ್ನಿನಲ್ಲಿ ನಿಂತು, ಕಣ್ಣಿಗೆ ಕನ್ನಡಕ ಹಾಕದೆ, ಸುತ್ತಿಗೆಯನ್ನು ತಲೆಯ ಮೇಲಕ್ಕೆ ಎತ್ತಿ ಎತ್ತಿ ಹೊಡೆಯುತ್ತಿದ್ದ. ಒಳಗೆ ತರಕಾರಿ ಹೆಚ್ಚುತ್ತಿದ್ದ ಸೊಸೆ ಪ್ರತಿ ಏಟಿಗೂ ಚಾಕು ನಿಲ್ಲಿಸುತ್ತಿದ್ದಳು. ನಾಲ್ಕನೆಯ ವಾರ ಮೇಸ್ತ್ರಿ ಡ್ರಮ್ಮಿನೊಳಗೆ ಬಗ್ಗಿ ನೋಡಿದ. ಅದರಲ್ಲಿ ಒಡಕು ಗಾಜಷ್ಟೇ ಇರಲಿಲ್ಲ. ಹೊಸ ಶೀಟುಗಳ ಮೂಲೆಗಳಿದ್ದವು, ಕಂಪನಿಯ ಚೀಟಿ ಅಂಟಿಕೊಂಡೇ ಇತ್ತು. ಅವನು ಅದರ ಮೇಲೆ ಒಂದು ಗೋಣಿ ಮುಚ್ಚಿದ. ಯಾರಿಗೂ ಹೇಳಲಿಲ್ಲ.

ಹೇಳದ್ದು ಅದೊಂದೇ ಅಲ್ಲ. ಊಟದ ಹೊತ್ತಿಗೆ ಮಗ ಹೆಂಡತಿಯ ಎಡಗೈಯನ್ನು ಪ್ರೀತಿಯಿಂದ ಹಿಡಿದುಕೊಂಡವನ ಹಾಗೆ ಹಿಡಿದು, ಹೊಲಿಗೆಯ ಗಂಟಿನ ಮೇಲೆ ಹೆಬ್ಬೆರಳು ಒತ್ತುವುದನ್ನು ಮೇಸ್ತ್ರಿ ನೋಡಿದ್ದ. ಅವಳು ಇನ್ನೊಂದು ಕೈಯಲ್ಲಿ ಊಟ ಮುಂದುವರಿಸಿದಳು. ಕಣ್ಣಿನಲ್ಲಿ ನೀರು ಬಂದಿತ್ತು. ಅತ್ತೆ ಖಾರ ಜಾಸ್ತಿಯಾಯಿತೇ ಎಂದು ಕೇಳಿದಳು.

ತಾರೀಖಿಗೆ ಹತ್ತು ದಿನ ಉಳಿದಿತ್ತು. ಶನಿವಾರ, ಮಧ್ಯಾಹ್ನ. ಕಡ್ಲೆ ಲಾಂಡ್ರಿಯಲ್ಲಿ ಇಸ್ತ್ರಿ ಅಕ್ಕನ ಬಳಿ ಆಡುತ್ತಿದ್ದಳು. ಅತ್ತೆ ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳು. ಮಗನಿಗೆ ಗುರುತು ಹಾಕಲು ಪೆನ್ಸಿಲ್ ಬೇಕಾಯಿತು. ಕಡ್ಲೆಯ ಶಾಲೆಚೀಲದಲ್ಲಿ ಹುಡುಕಿದ. ನೋಟುಪುಸ್ತಕದ ಹೊದಿಕೆಯ ಒಳಗೆ ನಾಲ್ಕಾಗಿ ಮಡಿಸಿದ ಒಂದು ಕಾಗದ ಸಿಕ್ಕಿತು.

ಮೇಸ್ತ್ರಿ ಅಂಗಡಿಯ ಮೇಜಿನ ಮೇಲೆ ಬಗ್ಗಿ ಒಂದು ಶೀಟಿಗೆ ಕಟರ್ ಎಳೆಯುತ್ತಿದ್ದ. ಒಳಗಿನ ಮಾತು ಬಾಗಿಲಿನಿಂದ ಸ್ಪಷ್ಟವಾಗಿ ಬರುತ್ತಿತ್ತು.

“ಏನಿದು?”

“ಹೋದ ವರ್ಷದ ಆಸ್ಪತ್ರೆ ಚೀಟಿ.”

“ರಾಜಿ ಆಯ್ತಲ್ಲ. ಇದ್ಯಾಕೆ?”

“ತಾರೀಖು ಇನ್ನೂ ಆಗಿಲ್ಲ.”

“ಒಲೆಗೆ ಹಾಕು.”

“ತಾರೀಖು ಆಗಲಿ. ನಾನೇ ಹಾಕ್ತೀನಿ.”

ಏಟಿನ ಸದ್ದು ಕೇಳಿತು. ಆಮೇಲೆ ಬಾಗಿಲ ಚೌಕಟ್ಟಿಗೆ ತಲೆ ಬಡಿದ ಸದ್ದು. ಗೀರನ್ನು ಅರ್ಧಕ್ಕೆ ನಿಲ್ಲಿಸಿದರೆ ಶೀಟು ಹಾಳು, ಎಲ್ಲೆಂದರಲ್ಲಿ ಸೀಳುತ್ತದೆ. ಮೇಸ್ತ್ರಿಯ ಕೈ ಗೀರನ್ನು ಕೊನೆ ಮುಟ್ಟಿಸಿತು. ಆಮೇಲೆ ಅವನು ತಲೆ ಎತ್ತಿದ. ಆ ಮೂರು ನಾಲ್ಕು ಉಸಿರಿನ ಹೊತ್ತನ್ನು ಅವನು ಮುಂದೆ ಎಷ್ಟೋ ಸಲ ಎಣಿಸಿದ.

ಮಗ ಅವಳನ್ನು ಕೂದಲು ಹಿಡಿದು ಅಂಗಡಿಗೆ ಎಳೆದು ತಂದಿದ್ದ. ಹುಬ್ಬಿನ ಮೇಲೆ ಚರ್ಮ ಒಡೆದು ರಕ್ತ ಕಣ್ಣಿಗೆ ಇಳಿಯುತ್ತಿತ್ತು. ಅವಳು ಕಿರುಚಲಿಲ್ಲ. ಅವನು ಹೊಟ್ಟೆಗೆ ಒದ್ದ. ಅವಳು ಮಡಚಿಕೊಂಡು ಸ್ಟ್ಯಾಂಡಿನ ಬುಡಕ್ಕೆ ಬಿದ್ದಳು. ಅವನು ಇನ್ನೊಮ್ಮೆ ಒದ್ದ. ಸ್ಟ್ಯಾಂಡಿಗೆ ಒರಗಿಸಿದ್ದದ್ದು ಬಟ್ಟೆಯಂಗಡಿಯೊಂದಕ್ಕೆ ಕೊಯ್ದಿಟ್ಟ ಆರಡಿ ಶೀಟು. ಅಂಚು ಇನ್ನೂ ಉಜ್ಜಿರಲಿಲ್ಲ. ಅವನು ಅದರ ಮೇಲಂಚನ್ನು ಹಿಡಿದು ತನ್ನತ್ತ ಎಳೆದ.

“ಇದನ್ನೂ ಬರೆಸಿಕೋ ಹೋಗು ಚೀಟೀಲಿ” ಎಂದು ಬಿಟ್ಟು, ತಾನು ಕೈ ಎಳೆದುಕೊಂಡು ಒಂದು ಹೆಜ್ಜೆ ಹಿಂದೆ ಸರಿದ. ಕಲಿತ ಪಾಠ ಅವನಿಗೂ ಮರೆತಿರಲಿಲ್ಲ.

ಶೀಟು ಮೊದಲು ನಿಧಾನವಾಗಿ ವಾಲಿತು, ಆಮೇಲೆ ಬೇಗ. ಮೇಸ್ತ್ರಿ ಎರಡು ಹೆಜ್ಜೆ ಮುಂದೆ ಬಂದು ಎರಡೂ ಅಂಗೈಗಳನ್ನು ಅದರ ಅಂಚಿಗೆ ಕೊಟ್ಟ.

ನೋವು ತಕ್ಷಣ ಗೊತ್ತಾಗಲಿಲ್ಲ. ಅಂಚು ಅಂಗೈಯೊಳಗೆ ಇಳಿಯುವುದು ಗೊತ್ತಾಯಿತು, ಹಣ್ಣಿಗೆ ಚಾಕು ಇಳಿದ ಹಾಗೆ, ಎಲುಬು ಸಿಕ್ಕುವವರೆಗೆ. ಶೀಟು ಅವನ ಮುಂಗೈಗಳ ಮೇಲೆ ಎರಡಾಗಿ ಒಡೆದು ಸೊಸೆಯ ಆಚೀಚೆ ಬಿತ್ತು. ಅವಳ ಮೇಲೆ ಬೀಳಲಿಲ್ಲ. ಅವಳ ಮೇಲೆ ಸುರಿದದ್ದು ಮಾವನ ರಕ್ತ.

ಹಿತ್ತಲಿನಿಂದ ಓಡಿಬಂದ ಅತ್ತೆ ಬಾಗಿಲಲ್ಲಿ ನಿಂತು ಮೂವರನ್ನೂ ನೋಡಿದಳು. ಏನಾಯಿತೆಂದು ಕೇಳಲಿಲ್ಲ.

ಆಸ್ಪತ್ರೆಗೆ ಒಯ್ದವನು ಮಗನೇ. ಟವೆಲಿನಲ್ಲಿ ಕೈ ಸುತ್ತಿ, ಅಪ್ಪನನ್ನು ಮಗುವಿನಂತೆ ಎತ್ತಿ ಆಟೋದಲ್ಲಿ ಕೂರಿಸಿಕೊಂಡ. “ಅಪ್ಪಾ, ಕಣ್ಣು ಮುಚ್ಚಬೇಡ” ಎಂದು ದಾರಿಯುದ್ದಕ್ಕೂ ಅಳುತ್ತಿದ್ದ. ಆ ಅಳು ಸುಳ್ಳಲ್ಲ ಎನ್ನುವುದು ಮೇಸ್ತ್ರಿಗೆ ತಿಳಿಯುತ್ತಿತ್ತು. ಡಾಕ್ಟರು ಹೇಗಾಯಿತು ಎಂದು ಕೇಳಿದರು. ಮಗ ಕಣ್ಣು ಒರೆಸಿಕೊಂಡ.

“ಗಾಜಿನ ಅಂಗಡಿ ಡಾಕ್ಟ್ರೇ. ಗಾಜು ಬಿತ್ತು.”

ಮೇಸ್ತ್ರಿ ತನ್ನದೇ ಮಾತನ್ನು ಮಲಗಿದಲ್ಲಿಂದ ಕೇಳಿಸಿಕೊಂಡ. ಡಾಕ್ಟರು ಬರೆದುಕೊಂಡರು. ಎಡಗೈ ಎರಡು ತಿಂಗಳಲ್ಲಿ ಸರಿಹೋಗುತ್ತದೆ, ಬಲಗೈಯ ನರಗಳು ಹೋಗಿವೆ, ಹೆಬ್ಬೆರಳು ಇನ್ನು ಬೆರಳುಗಳಿಗೆ ಕೂಡುವುದಿಲ್ಲ ಎಂದರು. ಕಟರ್ ಹಿಡಿಯುವುದು ಹೆಬ್ಬೆರಳು, ತೋರುಬೆರಳುಗಳಿಂದಲೇ.

ಎರಡೂ ಕೈಗೆ ಬ್ಯಾಂಡೇಜು ಬಿದ್ದದ್ದರಿಂದ ಹೆಂಡತಿ ಅವನಿಗೆ ಚಮಚದಲ್ಲಿ ಉಣ್ಣಿಸತೊಡಗಿದಳು. ಹಗುರಾಗಿ, ಒಂದೊಂದು ತುತ್ತನ್ನೂ ಊದಿ ಆರಿಸಿ. “ಬಾಯಿ ತೆಗೀರಿ,” ಅನ್ನುವಳು. “ಇನ್ನೊಂದು ಚೂರು. ಮಗು ಹಾಗೆ ಮಾಡ್ತೀರಲ್ಲ.” ಗಲ್ಲದ ಮೇಲೆ ಬಿದ್ದ ಅಗುಳನ್ನು ಸೆರಗಿನಿಂದ ಒರೆಸುವಳು. ಮದುವೆಯಾಗಿ ಮೂವತ್ತೇಳು ವರ್ಷಗಳಲ್ಲಿ ಅವರು ಅಷ್ಟು ಹತ್ತಿರ ಮುಖಕ್ಕೆ ಮುಖ ಕೊಟ್ಟು ಕೂತದ್ದಿಲ್ಲ.

ಉಣ್ಣಿಸುತ್ತಲೇ ಅವಳು ಹೇಳಿದಳು, ಕೋರ್ಟಿನಲ್ಲಿ ಕೈ ನೋಡಿ ಕೇಳಿದರೆ ಕೆಲಸದಲ್ಲಿ ಆಯಿತು ಅನ್ನಿ, ಸಾಕು. ವಕೀಲನೂ ಅದನ್ನೇ ಹೇಳಿದ್ದ: ಗಾಜಿನವನ ಕೈಗೆ ಬ್ಯಾಂಡೇಜಿದ್ದರೆ ಯಾರೂ ಎರಡನೇ ಸಲ ನೋಡುವುದಿಲ್ಲ.

“ಮತ್ತೆ ಹೊಡೀತಾನೆ ಅವನು,” ಎಂದ ಮೇಸ್ತ್ರಿ.

ಚಮಚ ಅರ್ಧದಲ್ಲಿ ನಿಂತಿತು.

“ನೀವು ಹೊಡೀಲಿಲ್ವಾ? ಅಳತೆಕೋಲು ನನ್ನ ಬೆನ್ನ ಮೇಲೆ ಮುರೀತಲ್ಲ, ನಾನು ಯಾವ ಕೋರ್ಟಿಗೆ ಹೋಗಿದ್ದೆ? ಮಾರನೇ ದಿನ ಪೇಟೆಗೆ ಹೋಗಿ ಹೊಸ ಕೋಲು ತಂದುಕೊಟ್ಟೆ. ಈಗಲೂ ಅಂಗಡೀಲಿ ಮೊಳೆಗೆ ತೂಗುಹಾಕಿದ್ದೀರಲ್ಲ, ಅದೇ.”

ಅವನು ಬಾಯಿ ತೆರೆದ. ಅವಳು ತುತ್ತು ಇಟ್ಟಳು. ನಿಮ್ಮ ಕೈಯಂತೂ ಹೋಯಿತು, ಅವನೂ ಜೈಲಿಗೆ ಹೋದರೆ ಅಂಗಡಿ ತೆಗೆಯುವವರು ಯಾರು, ನಾನು ಯಾರ ಮುಖ ನೋಡಿಕೊಂಡು ಇರಲಿ ಎಂದು ಮೆಲ್ಲಗೆ ಕೇಳಿದಳು. ಅವಳ ಕಣ್ಣು ತುಂಬಿತ್ತು, ಕೈ ಮಾತ್ರ ಅಲುಗಲಿಲ್ಲ.

ಸೊಸೆ ಹುಬ್ಬಿನ ಮೇಲೆ ಪಟ್ಟಿ ಅಂಟಿಸಿಕೊಂಡು ಮನೆಗೆಲಸ ಮಾಡುತ್ತಿದ್ದಳು. ಮಾವನೊಡನೆ ಒಂದು ವಾರ ಮಾತಾಡಲಿಲ್ಲ. ತಾರೀಖಿನ ಹಿಂದಿನ ಸಂಜೆ, ಅತ್ತೆ ದಿನಸಿ ತರಲು ಹೋಗಿದ್ದಾಗ, ತೊಳೆದ ತಟ್ಟೆಗಳನ್ನು ಒರೆಸುತ್ತ ಬೆನ್ನು ತಿರುಗಿಸಿಕೊಂಡೇ ಹೇಳಿದಳು, “ನಾಳೆ ಹೂಂ ಅಂತೀನಿ ಮಾವ.”

ಯಾಕೆಂದು ಅವನು ಕೇಳಿದ.

“ಹೂಂ ಅನ್ನದಿದ್ರೆ ಕಡ್ಲೆ ಸಿಗಲ್ಲ ಅಂದಿದ್ದಾರೆ ಅವರು. ನಾನೊಬ್ಬಳೇ ಹೇಳಿದ್ರೆ ಯಾರು ಕೇಳ್ತಾರೆ? ಹೋದ ಸಲವೂ ಹೇಳಿದ್ದೆ. ಚೀಟೀಲಿ ಗಾಜು ಬಿತ್ತು ಅಂತಿತ್ತು.” ಒಂದು ತಟ್ಟೆ ಒರೆಸಿ ಇಟ್ಟಳು. “ನೋಡಿದೋರು ಆಗಲೂ ನೀವೊಬ್ಬರೇ. ಈಗಲೂ ನೀವೊಬ್ಬರೇ.”

ಅದರಲ್ಲಿ ಬೈಗುಳ ಇರಲಿಲ್ಲ. ಇದ್ದಿದ್ದರೆ ಅವನಿಗೆ ಹಗುರವಾಗುತ್ತಿತ್ತು.

ಕೋರ್ಟಿನಲ್ಲಿ ಆ ಬೆಳಿಗ್ಗೆ ಅಂಥವೇ ಹಲವು ಕೇಸುಗಳಿದ್ದವು. ಹೆಸರು ಕೂಗುವರು, ಎರಡು ಕುಟುಂಬ ಎದ್ದು ನಿಲ್ಲುವುದು, ಹೆಣ್ಣುಮಗಳೊಬ್ಬಳು ತಲೆಯಾಡಿಸುವಳು, ಕಾಗದ ಪಕ್ಕಕ್ಕೆ ಹೋಗುವುದು. ಒಂದು ಚಹಾ ಕುಡಿಯುವಷ್ಟು ಹೊತ್ತೂ ಹಿಡಿಯುತ್ತಿರಲಿಲ್ಲ. ಮಗ ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿದ್ದ. ಅದನ್ನು ಇಸ್ತ್ರಿ ಮಾಡಿದವಳು ಪಕ್ಕದಲ್ಲೇ ನಿಂತಿದ್ದಳು. ಪಟ್ಟಿ ಕಾಣದಂತೆ ಕೂದಲನ್ನು ಹುಬ್ಬಿನ ಮೇಲೆ ಇಳಿಬಿಟ್ಟಿದ್ದಳು.

ನ್ಯಾಯಾಧೀಶರು ಕನ್ನಡಕದ ಮೇಲಿನಿಂದ ನೋಡಿದರು. ಯಾರ ಒತ್ತಾಯವೂ ಇಲ್ಲದೆ ರಾಜಿಯಾಗಿದ್ದೀರಾ ಎಂದು ಸೊಸೆಯನ್ನು ಕೇಳಿದರು.

“ಹೂಂ” ಎಂದಳು ಅವಳು.

ನ್ಯಾಯಾಧೀಶರ ಕಣ್ಣು ಮುದುಕನ ಕೈಗಳ ಮೇಲೆ ಹೋಯಿತು. ಅವರು ಕೇಳುವ ಮೊದಲೇ ವಕೀಲ ಹೇಳಿಬಿಟ್ಟ, “ಗಾಜಿನ ಕೆಲಸ, ಸ್ವಾಮಿ. ಶೀಟು ಬಿದ್ದು ಆದದ್ದು.” ಅವರು ತಲೆದೂಗಿ ಪೆನ್ನು ಎತ್ತಿಕೊಂಡರು.

“ಗಾಜಿನವರು ಬೀಳೋ ಗಾಜನ್ನ ಹಿಡಿಯಲ್ಲ ಸ್ವಾಮಿ.”

ಮೇಸ್ತ್ರಿಯ ದನಿ ಗಟ್ಟಿಯೇನೂ ಇರಲಿಲ್ಲ. ಆದರೂ ಪೆನ್ನು ನಿಂತಿತು. ವಕೀಲ ಅವನ ತೋಳು ಹಿಡಿದ. ನ್ಯಾಯಾಧೀಶರು ವಕೀಲನಿಗೆ ಸುಮ್ಮನಿರಲು ಸನ್ನೆ ಮಾಡಿದರು.

“ಹಾಗಂದ್ರೆ?”

“ಬಿದ್ರೆ ಕೈ ಎಳ್ಕೊಂಡು ಹಿಂದೆ ಸರೀತೀವಿ. ಅದೇ ಮೊದಲ ಪಾಠ. ನಲವತ್ತೊಂದು ವರ್ಷದಲ್ಲಿ ನಾನು ಒಂದು ಸಲವೂ ಹಿಡಿದಿಲ್ಲ.”

“ಮತ್ತೆ ಈ ಸಲ ಯಾಕೆ ಹಿಡಿದಿರಿ?”

“ಕೆಳಗೆ ಸೊಸೆ ಬಿದ್ದಿದ್ಲು. ಮಗ ಅವಳನ್ನ ಒದ್ದು ಕೆಡವಿ, ಶೀಟನ್ನ ಅವಳ ಮೇಲೆ ಎಳೆದು ಬಿಟ್ಟ.” ಅವನು ಉಸಿರು ತೆಗೆದುಕೊಂಡ. “ಹೋದ ಸಲವೂ ತಳ್ಳಿದ್ದು ಅವನೇ. ನಾನು ನೋಡಿದೆ. ಕೈಗೆ ಸಿಗೋ ಹಾಗಿದ್ಲು. ಹಿಡೀಲಿಲ್ಲ. ಪೊಲೀಸರಿಗೂ ಸುಳ್ಳು ಹೇಳಿದೆ.”

ಹಿಂದೆ ಬೆಂಚಿನಲ್ಲಿ ಕೂತಿದ್ದ ಹೆಂಡತಿ ಎದ್ದು ನಿಂತದ್ದು ಅವನಿಗೆ ಬೆನ್ನಿನಲ್ಲೇ ಗೊತ್ತಾಯಿತು. ಮಗ ಅವನ ಕಡೆ ತಿರುಗಿ ಅಪ್ಪಾ ಎಂದ. ಆಸ್ಪತ್ರೆಯ ದಾರಿಯಲ್ಲಿ ಅಂದದ್ದೂ ಹಾಗೆಯೇ, ಅದೇ ದನಿಯಲ್ಲಿ. ಮೇಸ್ತ್ರಿ ತಿರುಗಲಿಲ್ಲ.

ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಗಂಡನನ್ನು ಹೊರಗೆ ಕಳಿಸಿ ಸೊಸೆಯನ್ನು ಇನ್ನೊಮ್ಮೆ ಕೇಳಿದರು. ಅವಳು ಕೂದಲನ್ನು ಹುಬ್ಬಿನಿಂದ ಸರಿಸಿದಳು. ಹೋದ ವರ್ಷ ಠಾಣೆಯಲ್ಲಿ ಹೇಳಿದ್ದನ್ನೇ ಹೇಳಿದಳು. ಈ ಸಲ ಯಾರೂ ಅಲ್ಲ ಅನ್ನಲಿಲ್ಲ.

ರಾಜಿ ಮುರಿಯಿತು. ಕೇಸು ರದ್ದಾಗಲಿಲ್ಲ. ಮಧ್ಯಾಹ್ನವೇ ಹೊಸ ದೂರು ಬರೆಸಿಕೊಂಡು ಪೊಲೀಸರು ಮಗನನ್ನು ಕರೆದೊಯ್ದರು. ನೀವೂ ಆರೋಪಿಯೇ, ನೆನಪಿದೆಯಾ, ನಿಮ್ಮ ಕಾಲ ಮೇಲೆ ನೀವೇ ಚಪ್ಪಡಿ ಎಳ್ಕೊಂಡಿರಿ ಎಂದ ವಕೀಲ. ಕೈ ಹೋದ ಮೇಲೆ ಕಾಲು ಇಟ್ಟುಕೊಂಡು ಏನು ಮಾಡಲಿ ಎಂದ ಮೇಸ್ತ್ರಿ. ವಕೀಲ ನಗಲಿಲ್ಲ.

ಸೊಸೆ ಕಡ್ಲೆಯ ಚೀಲವನ್ನೂ ಬಟ್ಟೆಯ ಗಂಟನ್ನೂ ಎತ್ತಿಕೊಂಡು ಇಸ್ತ್ರಿ ಅಕ್ಕನ ಮೇಲಿನ ಕೋಣೆಗೆ ಹೋದಳು. ಹೋಗುವಾಗ ನೋಡಿದರೆ ಮಾವನ ಅಂಗಿಯ ತೋಳು ಬ್ಯಾಂಡೇಜಿಗೆ ಸಿಕ್ಕಿಕೊಂಡಿತ್ತು. ಅದನ್ನು ಬಿಡಿಸಿ, ಎರಡು ಸುತ್ತು ಮಡಿಸಿ ಹೋದಳು.

ಸಂಜೆ ಅಂಗಡಿಯ ಬಾಗಿಲು ಮುಚ್ಚಿಯೇ ಇತ್ತು. ಅಡುಗೆಮನೆಯಲ್ಲಿ ಪಾತ್ರೆಗಳ ಸದ್ದು ಎಂದಿಗಿಂತ ಜೋರಾಗಿ ಕೇಳುತ್ತಿತ್ತು. ಇವತ್ತು ಊಟ ಇಲ್ಲ ಎಂದುಕೊಂಡು ಮೇಸ್ತ್ರಿ ಗೋಡೆಗೆ ಒರಗಿ ಕೂತಿದ್ದ. ಹೆಂಡತಿ ತಟ್ಟೆ ತಂದಳು. ಎದುರು ಕೂತಳು. ಅನ್ನದಿಂದ ಹಬೆ ಏಳುತ್ತಿತ್ತು. ಅವಳು ಊದಲಿಲ್ಲ.

“ಬಾಯಿ ತೆಗಿ,” ಎಂದಳು.

ಅವನು ತೆರೆದ. ಚಮಚ ಹಲ್ಲಿಗೆ ಬಡಿಯಿತು. ಅನ್ನ ನಾಲಿಗೆಯನ್ನು ಸುಟ್ಟಿತು. ಎರಡನೆಯ ಚಮಚ ಮೊದಲನೆಯದು ಇಳಿಯುವ ಮುಂಚೆ ಬಂತು, ಮೂರನೆಯದಕ್ಕೆ ತುಟಿ ಒಡೆಯಿತು. ತಡೆಯಲು ಅವನಿಗೆ ಕೈಗಳಿರಲಿಲ್ಲ. ಇದ್ದರೂ ಎತ್ತುತ್ತಿರಲಿಲ್ಲ. ಅನ್ನದ ಜೊತೆ ರಕ್ತದ ಉಪ್ಪು ಸೇರಿತು. ಅವಳ ಕಣ್ಣಿನಿಂದ ನೀರು ಸುರಿದು ತಟ್ಟೆಯೊಳಗೆ ಬೀಳುತ್ತಿತ್ತು. ಅವಳು ಅದನ್ನು ಒರೆಸಲಿಲ್ಲ, ಅವನ ಗಲ್ಲವನ್ನೂ ಒರೆಸಲಿಲ್ಲ.

“ಅಗಿ,” ಎಂದಳು.

ಅವನು ಅಗಿದು ನುಂಗಿದ. ಅವಳು ಮತ್ತೆ ಚಮಚ ತುಂಬಿದಳು. ಅದು ಬರುವುದನ್ನು ನೋಡುತ್ತ ಅವನು ಗೋಡೆಯಿಂದ ಬೆನ್ನು ತೆಗೆದು, ಬಾಯಿ ತೆರೆದು, ಒಂದಿಷ್ಟು ಮುಂದಕ್ಕೆ ಬಾಗಿದ.